ಬೀಗ ಬಿದ್ದ ಬಾಗಿಲಿನ ಸಮನ್ಸ್

ಕಮಲಾಪುರ ಸೀಮೆಯ ತಾಂಡಾಗಳಲ್ಲಿ ತೊಗರಿ ರಾಶಿ ಮುಗಿಯಿತೆಂದರೆ ಎಷ್ಟೋ ಮನೆಗಳಿಗೆ ಬೀಗ ಬೀಳುತ್ತದೆ. ಗಂಡ ಹೆಂಡಿರು ಮಕ್ಕಳನ್ನು ಕಟ್ಟಿಕೊಂಡು ಮುಂಬೈ, ಪುಣೆ, ಹೈದರಾಬಾದಿನ ಹಾದಿ ಹಿಡಿಯುತ್ತಾರೆ. ಅಂಥ ಒಂದು ಮನೆಗೆ ಪಾಲಿನ ದಾವೆಯ ಸಮನ್ಸ್ ಬಂತು ಎನ್ನಿ. ಬೇಲಿಫ್ ಅದನ್ನು ಕದಕ್ಕೆ ಅಂಟಿಸಿ ಹೋಗುತ್ತಾನೆ. ತಾರೀಖಿನ ದಿನ ಕಲಬುರಗಿಯ ಕೋರ್ಟಿನಲ್ಲಿ ಹೆಸರು ಕೂಗಿದರೆ ಓಗೊಡುವವರಿಲ್ಲ. ಆರ್ಡರ್ ಶೀಟಿನಲ್ಲಿ ಒಂದೇ ಸಾಲು: ಸಮನ್ಸ್ ಜಾರಿ, ಪ್ರತಿವಾದಿ ಗೈರು, ಎಕ್ಸ್‌ಪಾರ್ಟಿ. ಹಬ್ಬಕ್ಕೆ ಊರಿಗೆ ಬಂದವನಿಗೆ ಹೊಲ ಕೈಬಿಟ್ಟದ್ದು ತಿಳಿಯುವುದು ಪಹಣಿ ತೆಗೆಸಿದಾಗ.

ಕಾನೂನು ಇಲ್ಲಿ ಕಠೋರವಾಗಿಲ್ಲ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶ ಎರಡು ದಾರಿ ಇಟ್ಟಿದೆ. ತೀರ್ಪಿಗೆ ಮೊದಲು, ವಿಚಾರಣೆ ಇನ್ನೂ ನಡೆದಿರುವಾಗ, 7ನೇ ನಿಯಮ. ಡಿಕ್ರಿಯಾದ ಮೇಲೆ 13ನೇ ನಿಯಮ. ಎಕ್ಸ್‌ಪಾರ್ಟಿ ಎಂದು ಬರೆದ ಮಾತ್ರಕ್ಕೆ ಬಾಗಿಲು ಮುಚ್ಚಿತೆಂದು ನಮ್ಮ ಕಕ್ಷಿದಾರರು ಹೆದರಿ ಕೂಡುತ್ತಾರೆ. ಅದು ತಪ್ಪು. ಕೋಟಾ ಚುನಾವಣಾ ನ್ಯಾಯಮಂಡಳಿಗೆ ಸಂಬಂಧಿಸಿದ ಸಂಗ್ರಾಮ್ ಸಿಂಗ್ ಪ್ರಕರಣದಲ್ಲಿ ನ್ಯಾಯಮೂರ್ತಿ ವಿವಿಯನ್ ಬೋಸ್ 1955ರಲ್ಲೇ ಇದನ್ನು ಬಿಡಿಸಿ ಹೇಳಿದ್ದಾರೆ. ಹಿಂದಿನ ಗೈರುಹಾಜರಿಗೆ ಕಾರಣ ಕೊಡಲಾಗದವನೂ ಮುಂದಿನ ತಾರೀಖಿಗೆ ಬಂದು ಅಲ್ಲಿಂದ ವಾದದಲ್ಲಿ ಸೇರಿಕೊಳ್ಳಬಹುದು.

ನನ್ನ ತಕರಾರಿರುವುದು ರೂಢಿಯ ಬಗ್ಗೆ. ಡಿಕ್ರಿ ರದ್ದು ಕೋರುವ ಅರ್ಜಿಯ ಜೊತೆಗೆ ವಿಳಂಬ ಮನ್ನಿಸಿ ಎಂಬ ಇನ್ನೊಂದು ಅರ್ಜಿಯನ್ನು ಕಣ್ಣು ಮುಚ್ಚಿ ಹಾಕುವುದುಂಟು. 1963ರ ಕಾಲಮಿತಿ ಕಾಯ್ದೆಯ 123ನೇ ಅನುಚ್ಛೇದ 30 ದಿನ ಕೊಡುತ್ತದೆ, ನಿಜ. ಆದರೆ ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ ಆ 30 ದಿನದ ಎಣಿಕೆ ಡಿಕ್ರಿ ವಿಷಯ ತಿಳಿದ ದಿನದಿಂದ ಶುರು. ಪಹಣಿ ನೋಡಿದ ವಾರದೊಳಗೆ ವಕೀಲರ ಬಳಿ ಓಡಿಬಂದವನಿಗೆ ತಡವೇ ಆಗಿಲ್ಲ. ಆದರೂ ತಡವಾಯಿತೆಂದು ಒಪ್ಪಿಕೊಂಡು ನಿಂತರೆ, ಸಮನ್ಸ್ ಹೇಗೆ ಜಾರಿಯಾಯಿತು ಎಂಬ ಮುಖ್ಯ ಪ್ರಶ್ನೆ ಮೂಲೆಗೆ ಸೇರಿ, ದಿನ ದಿನದ ಲೆಕ್ಕ ಕೇಳುವ ಜಗ್ಗಾಟವೇ ಉಳಿಯುತ್ತದೆ.

ವಾದಿಯ ಸಂಕಟವೂ ಸಣ್ಣದಲ್ಲ. ಪ್ರತಿ ಪೇಷಿಗೂ ಕೂಲಿ ಬಿಟ್ಟು, ಬಸ್ಸಿಗೆ ದುಡ್ಡು ಹಾಕಿ ಬಂದವನು ಅವನು. ಬೇಕೆಂದೇ ತಲೆತಪ್ಪಿಸಿಕೊಳ್ಳುವ ಪ್ರತಿವಾದಿಗಳಿದ್ದಾರೆ. ಅಂಥವರಿಗಾಗಿಯೇ 1976ರ ತಿದ್ದುಪಡಿ, ತಾರೀಖು ಮೊದಲೇ ಗೊತ್ತಿದ್ದು ಬರಲು ಸಮಯವೂ ಇದ್ದವನಿಗೆ ಸಮನ್ಸ್ ಜಾರಿಯ ಸಣ್ಣಪುಟ್ಟ ಲೋಪ ನೆಪವಾಗದು ಎಂದಿತು. ನೋಟಿಸು ನಿರಾಕರಿಸಿ, ನಾಲ್ಕು ವರ್ಷದ ಮೇಲೆ ಎಕ್ಸ್‌ಪಾರ್ಟಿ ವಿಚ್ಛೇದನ ರದ್ದು ಮಾಡಿ ಎಂದು ಕೇಳಿದವರಿಗೆ ಸುಪ್ರೀಂ ಕೋರ್ಟು 2011ರಲ್ಲಿ ಮಣಿಯಲಿಲ್ಲ. ಅದು ಸರಿಯೇ. ಡಿಕ್ರಿ ರದ್ದಾಗುವಾಗ ವಿಧಿಸುವ ಖರ್ಚು ವಾದಿ ಕಳೆದುಕೊಂಡ ಕೂಲಿಗೆ ಹತ್ತಿರವಾದರೂ ಇರಬೇಕು. ಹೆಸರಿಗಷ್ಟೇ ಇರುವ ಮೊತ್ತದಿಂದ ಯಾರಿಗೂ ಉಪಕಾರವಿಲ್ಲ.

ಆದರೆ ಸಮನ್ಸ್ ಕೈಗೆ ಬಂದರೂ ಒಲ್ಲೆನೆಂದವನನ್ನೂ ಹೊಟ್ಟೆಪಾಡಿಗೆ ಊರು ಬಿಟ್ಟವನನ್ನೂ ಒಂದೇ ತಕ್ಕಡಿಯಲ್ಲಿ ತೂಗುವಂತಿಲ್ಲ. ಇವರಿಬ್ಬರನ್ನು ಬೇರೆ ಮಾಡುವ ಕೆಲಸ ಡಿಕ್ರಿಯ ನಂತರದ್ದಲ್ಲ, ಮೊದಲಿನದು. ಸಂಹಿತೆಯ 5ನೇ ಆದೇಶದ 17ನೇ ನಿಯಮ ಓದಿ ನೋಡಿ. ಅಂಟಿಸುವ ಮೊದಲು ಬೇಲಿಫ್ ತಕ್ಕ ಶ್ರದ್ಧೆಯಿಂದ ಹುಡುಕಿರಬೇಕು. ಆ ಮನುಷ್ಯ ಸಮಂಜಸ ಸಮಯದೊಳಗೆ ಮನೆಗೆ ಮರಳುವ ಸಂಭವವಿಲ್ಲವೆಂದು ಕಂಡುಬಂದಿರಬೇಕು. ಮನೆ ತೋರಿಸಿದವರು ಯಾರು, ಅಂಟಿಸುವಾಗ ಎದುರಿಗಿದ್ದವರು ಯಾರು ಎಂದು ವರದಿಯಲ್ಲಿ ಹೆಸರು, ವಿಳಾಸ ಸಮೇತ ಬರೆಯಬೇಕು. ವರದಿಯ ಜೊತೆ ಪ್ರಮಾಣಪತ್ರ ಇಲ್ಲದಿದ್ದರೆ 19ನೇ ನಿಯಮದಂತೆ ನ್ಯಾಯಾಧೀಶರು ಬೇಲಿಫನನ್ನು ಪ್ರಮಾಣ ಮಾಡಿಸಿ ವಿಚಾರಿಸಲೇಬೇಕು. ಜಾರಿ ಸರಿಯಾಗಿದೆ ಎಂದು ಆಮೇಲೆ ಘೋಷಿಸಬೇಕು, ಇಲ್ಲವೇ ಬೇರೆ ಬಗೆಯ ಜಾರಿಗೆ ಆದೇಶಿಸಬೇಕು. "ಸಮನ್ಸ್ ಜಾರಿ" ಎಂಬ ಎರಡು ಪದ ಈ ಘೋಷಣೆಯ ಜಾಗ ತುಂಬಲಾರವು.

"ಈ ಮನೆಯವರು ಎಲ್ಲಿಗೆ ಹೋಗಿದ್ದಾರೆ, ಯಾವಾಗ ಬರುತ್ತಾರೆ ಎಂದು ಪಕ್ಕದ ಮನೆಯಲ್ಲಿ ಕೇಳಿದೆಯಾ?" ಬೇಲಿಫನಿಗೆ ಈ ಪ್ರಶ್ನೆ ಹಾಕಲು ಎರಡು ನಿಮಿಷ ಸಾಕು. ತಾಂಡಾದಲ್ಲಿ ಅದಕ್ಕೆ ಉತ್ತರ ಗೊತ್ತಿಲ್ಲದವರಿಲ್ಲ. ಪುಣೆಯ ಫೋನ್ ನಂಬರೂ ಸಿಗುತ್ತದೆ. ಆ ಎರಡು ನಿಮಿಷ ಉಳಿಸಿದ ದಾವೆಯಲ್ಲಿ ಮುಂದೆ ರದ್ದತಿಯ ಅರ್ಜಿ, ಅದು ವಜಾ ಆದರೆ ಮೇಲ್ಮನವಿ, ಆಮೇಲೆ ಹೈಕೋರ್ಟು. 2008ರಲ್ಲಿ ಸಂಚಾರಿಯಾಗಿ ಬಂದು 2013ರಲ್ಲಿ ಕಾಯಂ ಆದ ಕಲಬುರಗಿ ಪೀಠದಿಂದ ಬೆಂಗಳೂರಿನ ರೈಲು ತಪ್ಪಿದೆ, ವರ್ಷಗಳು ತಪ್ಪಿಲ್ಲ. ಅಷ್ಟೂ ವರ್ಷ ಕಳೆದ ಮೇಲೆ ಡಿಕ್ರಿ ರದ್ದಾದರೆ ಅಣ್ಣತಮ್ಮಂದಿರಿಬ್ಬರೂ ಮತ್ತೆ ನಿಲ್ಲುವುದು ಮೊದಲ ತಾರೀಖಿನ ಜಾಗದಲ್ಲೇ, ಲಿಖಿತ ಹೇಳಿಕೆ ಇನ್ನೂ ಸಲ್ಲಿಸಬೇಕಾದ ದಾವೆಯಲ್ಲಿ.