ಒಂದೇ ಕತ್ತರಿ, ಎರಡು ನೆಲ

‘ಚೋಮನ ದುಡಿ’ ಚಿತ್ರವನ್ನು ನಾರಾವಿಯ ನಮ್ಮ ಮನೆಯಲ್ಲಿ ದೊಡ್ಡಪ್ಪನ ಜೊತೆ ಕೂತು ನೋಡಿದೆ. ಅವರು ಸ್ವತಃ ದುಡಿ ಬಾರಿಸಿದವರು. ಚೋಮ ದುಡಿ ಎತ್ತಿಕೊಂಡ ಒಂದು ಕಡೆ ಅವರು ಹೇಳಿದ್ದು ಇಷ್ಟೇ: “ಕೈ ಬಿಸಿ ಆಗುವ ಮೊದಲೇ ನಿಲ್ಲಿಸಿದ್ರಲ್ಲ ಮಾರಾಯ!”

ನಿಲ್ಲಿಸಿದವರು ಯಾರು? ಈ ಪ್ರಶ್ನೆ ನನಗೆ ಅದುವರೆಗೆ ಹೊಳೆದಿರಲೇ ಇಲ್ಲ. ಎಂ.ಎ. ಓದುವಾಗ ಈ ಚಿತ್ರದ ಮೇಲೆ ಇಪ್ಪತ್ತು ಪುಟದ ಪ್ರಬಂಧ ಬರೆದಿದ್ದೆ. ಶಿವರಾಮ ಕಾರಂತರ 1933ರ ಕಾದಂಬರಿಯಲ್ಲಿರುವ ಕರುಣೆಯ ನೋಟವನ್ನು ಪ್ರಶ್ನಿಸಿದ್ದೆ. ಮಂಚಿಯ ಬಿ.ವಿ. ಕಾರಂತರ ನಿರ್ದೇಶನ, 1975ರ ಸ್ವರ್ಣಕಮಲ, ವಾಸುದೇವರಾವ್ ಅವರಿಗೆ ಬಂದ ಶ್ರೇಷ್ಠ ನಟ ಪ್ರಶಸ್ತಿ, ಎಲ್ಲವೂ ಅದರಲ್ಲಿತ್ತು. ಸಂಕಲನಕಾರ ಪಿ. ಭಕ್ತವತ್ಸಲಂ ಹೆಸರು ಮಾತ್ರ ಇರಲಿಲ್ಲ. ತಲೆ ಮೇಲು, ಕೈ ಕೀಳು ಎಂಬ ವರ್ಣವ್ಯವಸ್ಥೆಯ ಲೆಕ್ಕವನ್ನು ದಲಿತ ವಿಮರ್ಶೆ ಬರೆಯುತ್ತೇನೆಂದು ಹೊರಟ ನಾನೂ ಸುಮ್ಮನೆ ಒಪ್ಪಿಕೊಂಡುಬಿಟ್ಟಿದ್ದೆ.

ಆ ಕೈ ಮಾಡಿದ ಕೆಲಸವನ್ನು ನೋಡಿ. 35 ಮಿ.ಮೀ. ಫಿಲ್ಮಿನಲ್ಲಿ ಸೆಕೆಂಡಿಗೆ 24 ಚೌಕಟ್ಟು, ಅಡಿಗೆ 16. ಒಂದು ನಿಮಿಷದ ದುಡಿ ಅಂದರೆ 90 ಅಡಿ. ಅದನ್ನು ಉಳಿಸಬೇಕೋ ಬುಟ್ಟಿಗೆ ಹಾಕಬೇಕೋ ಎಂಬುದು ಸಂಕಲನದ ಮೇಜಿನ ಮೇಲೆ ತೀರ್ಮಾನವಾಗುತ್ತದೆ. ನಿರ್ದೇಶಕನ ಒಪ್ಪಿಗೆ ಇಲ್ಲದೆ ಸಂಕಲನಕಾರ ಕತ್ತರಿಸುತ್ತಾನೆಯೇ ಎಂದು ಗೆಳೆಯರು ತಕರಾರು ತೆಗೆಯಬಹುದು. ಇಲ್ಲ, ಒಪ್ಪುತ್ತೇನೆ. ಗದ್ದೆ ಉಳುವುದಕ್ಕೂ ಧಣಿಯ ಒಪ್ಪಿಗೆ ಬೇಕಿತ್ತು; ಹಾಗಂತ ಉತ್ತವನು ಧಣಿಯಲ್ಲ.

ಭಕ್ತವತ್ಸಲಂ 1973ರಲ್ಲಿ ‘ಕಾಡು’, 1978ರಲ್ಲಿ ‘ಒಂದಾನೊಂದು ಕಾಲದಲ್ಲಿ’ ಮತ್ತು ‘ಶಂಕರ್ ಗುರು’ ಚಿತ್ರಗಳನ್ನು ಸಂಕಲಿಸಿದರು. ಹೊಸ ಅಲೆ, ಜನಪ್ರಿಯ ಎಂದು ನಾವು ಗೋಡೆ ಕಟ್ಟಿ ಪಾಠ ಮಾಡುತ್ತೇವೆ. ಕತ್ತರಿ ಎರಡೂ ಕಡೆ ಓಡಾಡಿಕೊಂಡಿತ್ತು. ನನಗೆ ಮುಖ್ಯವೆನಿಸುವುದು 1972ರ ‘ಬಂಗಾರದ ಮನುಷ್ಯ’. ಅದೂ ಇದೇ ಕೈಯ ಕೆಲಸ. ಅಲ್ಲಿ ರಾಜೀವ ಬರಡು ನೆಲವನ್ನು ಹಸಿರು ಮಾಡುತ್ತಾನೆ. ವರ್ಷಗಟ್ಟಲೆ ಹಿಡಿದ ದುಡಿಮೆ ಪರದೆಯ ಮೇಲೆ ಕೆಲವೇ ನಿಮಿಷ. ತುಣುಕಿಗೆ ತುಣುಕು ಸೇರಿ ಕಾಲ ಓಡುತ್ತದೆ, ಎಷ್ಟೋ ಆಳುಗಳ ಬೆವರು ಒಬ್ಬ ನಾಯಕನ ಛಲವಾಗಿ ಕಾಣುತ್ತದೆ. ಮೂರು ವರ್ಷದ ನಂತರ ಅದೇ ಮೇಜಿಗೆ ಚೋಮ ಬರುತ್ತಾನೆ. ಅವನಿಗೂ ಬೇಕಾದದ್ದು ಉಳಲು ಒಂದು ತುಂಡು ನೆಲ. ಎತ್ತು ಉಂಟು, ಆಸೆ ಉಂಟು. ಹೊಲೆಯ ಬೇಸಾಯ ಮಾಡಕೂಡದು. ಅವನ ಕಾಲವನ್ನು ಓಡಿಸಲು ಯಾವ ಕತ್ತರಿಯಿಂದಲೂ ಆಗದು, ಯಾಕೆಂದರೆ ಓಡಿ ತಲುಪಲು ಅವನಿಗೆ ಹಸಿರು ಗದ್ದೆಯೇ ಇಲ್ಲ. ಇರುವುದು ಸಾಲ, ಒಬ್ಬೊಬ್ಬರಾಗಿ ಕೈಬಿಡುವ ಮಕ್ಕಳು, ದುಡಿ.

ದೊಡ್ಡಪ್ಪನ ಆಕ್ಷೇಪ ಇಲ್ಲಿ ನಿಜವಾಗುತ್ತದೆ. ಚಿತ್ರದ ನಡುವೆ ದುಡಿ ದುಃಖದ ಗುರುತಾಗಿ ಬಂದು ಹೋಗುತ್ತದೆ. ಗೊತ್ತಾಯಿತಲ್ಲ, ಮುಂದಕ್ಕೆ ಹೋಗೋಣ ಎಂಬಂತೆ. ಬಾರಿಸುವವನಿಗೆ ಅದು ಗುರುತಲ್ಲ, ಹೊತ್ತು ಹಿಡಿಯುವ ಕೆಲಸ. ಗಟ್ಟಿಯಾಗಲು ಸಮಯ ಬೇಕು. ನಮ್ಮ ಬದುಕನ್ನು ಅರ್ಥಕ್ಕೆ ಬೇಕಾದಷ್ಟೇ ಅಳೆದು ಕತ್ತರಿಸುವ ಈ ಅಭ್ಯಾಸ ಸಿನಿಮಾದ್ದು ಮಾತ್ರವಲ್ಲ, ವಿಮರ್ಶೆಯದ್ದೂ ಹೌದು.

ಕೊನೆಯಲ್ಲಿ ಚೋಮ ಎತ್ತುಗಳನ್ನು ಅಟ್ಟಿ, ಬಾಗಿಲು ಹಾಕಿಕೊಂಡು, ಸಾಯುವವರೆಗೆ ಬಾರಿಸುತ್ತಾನೆ. ದೊಡ್ಡಪ್ಪ ಬಗ್ಗಿ ಕೂತು ಕೇಳಿದರು. ಮುಗಿದ ಮೇಲೆ ಫೋನು ನನ್ನ ಕೈಗೆ ಕೊಟ್ಟು, “ಇಲ್ಲಿ ಸರಿ ಉಂಟು, ಬಿಟ್ಟಿದ್ದಾರೆ” ಅಂದರು.