ಕೈ ಎತ್ತುವ ಹಕ್ಕು ಯಾರದು: ಚಿಕ್ಕಬಳ್ಳಾಪುರ ಸೀಮೆಯ ಸಭೆಗಳಲ್ಲಿ ತ್ರಿಯೇಕ ಆಶೀರ್ವಾದ

ಲಂಡನ್ ಮಿಷನರಿ ಸೊಸೈಟಿ 1795ರಲ್ಲಿ ಹುಟ್ಟಿತು. ಮರುವರ್ಷವೇ ಅದು ಒಂದು ಮೂಲನಿಯಮ ಮಾಡಿಕೊಂಡಿತು: ಹೋದ ನಾಡಿಗೆ ಸುವಾರ್ತೆಯನ್ನು ಒಯ್ಯಬೇಕು, ಇಂಥದೇ ಪಂಗಡದ ಸಭಾಪದ್ಧತಿಯನ್ನು ಹೇರಬಾರದು. ಹಾಗಿದ್ದರೂ ಅದರ ಪಾದ್ರಿಗಳಲ್ಲಿ ಹೆಚ್ಚಿನವರು ಕಾಂಗ್ರಿಗೇಷನಲ್ ಸಭೆಗಳಿಂದ ಬಂದವರು. ಪುಸ್ತಕ ನೋಡಿ ಪ್ರಾರ್ಥನೆ ಓದುವುದು ಅವರಿಗೆ ಹಿಡಿಸುತ್ತಿರಲಿಲ್ಲ. ಪ್ರಾರ್ಥನೆ ಆಗಿಂದಾಗ ಹೃದಯದಿಂದ ಬರಬೇಕು ಎಂಬುದು ಅವರ ಪಟ್ಟು. ಚಿಕ್ಕಬಳ್ಳಾಪುರ ಸೀಮೆಯ ಪ್ರೊಟೆಸ್ಟೆಂಟ್ ಆರಾಧನೆಗೆ ಅಡಿಪಾಯ ಹಾಕಿದ್ದು ಈ ಪರಂಪರೆ. ವಾರ್ಡ್ಲಾ ಥಾಂಪ್ಸನ್ ಸ್ಮಾರಕ ಆಸ್ಪತ್ರೆಯನ್ನು ಕಟ್ಟಿದವರೂ ಈ ಲಂಡನ್ ಮಿಷನ್ನಿನವರೇ. ಊರಿನವರ ಬಾಯಲ್ಲಿ ಅದು ಇವತ್ತಿಗೂ ‘ಮಿಷನ್ ಆಸ್ಪತ್ರೆ’.

ಹೀಗೆ ಬರೆದಿಟ್ಟ ಮಾತನ್ನು ದೂರವಿಟ್ಟ ಪರಂಪರೆಯಲ್ಲಿ ಅಕ್ಷರ ಬದಲಾಗದೆ ವಾರವಾರವೂ ಕೇಳಿಬಂದದ್ದು ಬಹುಮಟ್ಟಿಗೆ ಎರಡೇ. ಒಂದು ಕರ್ತನ ಪ್ರಾರ್ಥನೆ, ಇನ್ನೊಂದು ಕೊನೆಯ ಆಶೀರ್ವಾದ. ಯೇಸು ಕ್ರಿಸ್ತನ ಕೃಪೆ, ದೇವರ ಪ್ರೀತಿ, ಪವಿತ್ರಾತ್ಮನ ಅನ್ಯೋನ್ಯತೆ ಈ ಮೂರೂ ಸಭೆಯ ಸಂಗಡ ಇರಲೆಂದು ಕೋರುವ ಆ ಮಾತು ಪೌಲನು ಕೊರಿಂಥದವರಿಗೆ ಬರೆದ ಎರಡನೆಯ ಪತ್ರದ ಕೊನೆಯಲ್ಲಿದೆ. ಜಾನ್ ಹ್ಯಾಂಡ್ಸ್ ಬಳ್ಳಾರಿಯಲ್ಲಿ ಕೂತು ದುಡಿದು 1831ರ ಹೊತ್ತಿಗೆ ಇಡೀ ಬೈಬಲನ್ನು ಕನ್ನಡಕ್ಕೆ ತಂದಿದ್ದ. ಆದರೆ ಓದುಬರಹ ಇಲ್ಲದ ಕೇರಿಯ ಮನೆಗಳಿಗೆ ಆ ಪುಸ್ತಕ ಮುಟ್ಟುವ ಮುಂಚೆಯೇ ಆಶೀರ್ವಾದ ಕಿವಿಯ ದಾರಿಯಲ್ಲಿ ಮುಟ್ಟಿತ್ತು. ನೈಸಿಯ ವಿಶ್ವಾಸಪ್ರಮಾಣವನ್ನು ಬಾಯಿಪಾಠ ಒಪ್ಪಿಸಲಾಗದ ಅಜ್ಜಿಗೂ ಈ ಮೂರು ಮಾತು ಗೊತ್ತು. ತ್ರಿಯೇಕ ದೇವರ ಬಗ್ಗೆ ಆಕೆ ಕಲಿತ ಪಾಠವೆಲ್ಲ ಅಲ್ಲಿಯೇ ಇದೆ. ಈ ಪರಂಪರೆ ಆ ಮಾತನ್ನು ಇಷ್ಟು ನಿಷ್ಠೆಯಿಂದ ಕಾಪಾಡಿಕೊಂಡು ಬಂದದ್ದಕ್ಕೆ ನಾನು ಕೃತಜ್ಞ. ಅದನ್ನು ಬಳಸಿದ ರೀತಿಯ ಬಗ್ಗೆ ಮಾತ್ರ ನನ್ನ ತಕರಾರು ಇದೆ.

ಪೌಲನ ಪತ್ರದಲ್ಲಿ ಆ ಮಾತು ಎಲ್ಲಿ ಬರುತ್ತದೆ ಎಂಬುದನ್ನು ಮೊದಲು ನೋಡಬೇಕು. ಕೊರಿಂಥದ ಸಭೆ ಜಗಳದ ಸಭೆ. ಅಲ್ಲಿ ಗುಂಪುಗಾರಿಕೆಯಿತ್ತು, ಕರ್ತನ ಭೋಜನದಲ್ಲಿ ಉಳ್ಳವರು ತಿಂದು ಇಲ್ಲದವರು ಹಸಿದಿರುವ ಪಂಕ್ತಿಭೇದವಿತ್ತು, ಪೌಲನ ಅಧಿಕಾರವನ್ನೇ ಪ್ರಶ್ನಿಸುವವರೂ ಇದ್ದರು. ಅವರಿಗೆ ಗದರಿ, ಅತ್ತು, ಬೇಡಿಕೊಂಡು ಬರೆದ ಪತ್ರದ ಕೊನೆಗೆ ಪೌಲ ಒಂದೇ ಮನಸ್ಸಿನಿಂದಿರಿ, ಸಮಾಧಾನದಿಂದಿರಿ, ಪವಿತ್ರ ಮುದ್ದಿನಿಂದ ಒಬ್ಬರನ್ನೊಬ್ಬರು ವಂದಿಸಿರಿ ಎನ್ನುತ್ತಾನೆ. ಆಶೀರ್ವಾದ ಬರುವುದು ಅದರ ಬೆನ್ನಿಗೇ. ಮೊದಲು ಒಬ್ಬರನ್ನೊಬ್ಬರು ಮುಟ್ಟಬೇಕು, ಆಮೇಲೆ ಆಶೀರ್ವಾದ. ದೇವರ ಒಳಗುಟ್ಟನ್ನು ವಿವರಿಸಲು ಪೌಲ ಇದನ್ನು ಬರೆದದ್ದಲ್ಲ. ಒಡೆದ ಸಭೆಯನ್ನು ಕೂಡಿಸುವ ಶಕ್ತಿ ಎಲ್ಲಿಂದ ಬರುತ್ತದೆ ಎಂದು ಹೇಳಲು ಬರೆದ. ಅವನು ಕ್ರಿಸ್ತನ ಕೃಪೆಯನ್ನು ಮೊದಲಿಟ್ಟದ್ದಕ್ಕೂ ಕಾರಣ ಇದೇ ಎಂದು ನನಗೆ ತೋರುತ್ತದೆ: ಆ ಜನರು ದೇವರ ಪ್ರೀತಿಯನ್ನು ಕಂಡದ್ದು ಯೇಸುವಿನ ಮೂಲಕ, ಅದರೊಳಗೆ ಬಾಳುವುದು ಆತ್ಮನ ಅನ್ಯೋನ್ಯತೆಯಲ್ಲಿ. ಪಶ್ಚಿಮ ಸಿರಿಯಾದ ಪೂಜಾಕ್ರಮ ಮುಂದೆ ಈ ಸಾಲನ್ನು ತಿರುಗಿಸಿ ತಂದೆಯ ಪ್ರೀತಿಯನ್ನು ಮೊದಲಿಗೆ ತಂದಿತು. ಗ್ರೀಕ್ ಕ್ರಮ ಪೌಲನ ಸಾಲನ್ನೇ ಉಳಿಸಿಕೊಂಡಿತು.

ತ್ರಿತ್ವದ ವಾದ ಕಾವೇರಿದ್ದು ನಾಲ್ಕನೆಯ ಶತಮಾನದಲ್ಲಿ. ಆಗಲೂ ವಾದದ ಮೊದಲ ಸಾಕ್ಷಿ ಪ್ರಾರ್ಥನೆಯೇ ಆಗಿತ್ತು. ಕೈಸರೇಯದ ಬಸಿಲ್ ಆರಾಧನೆಯಲ್ಲಿ ತಂದೆಗೆ ಮಗನೊಡನೆ, ಪವಿತ್ರಾತ್ಮನೊಡನೆ ಮಹಿಮೆ ಸಲ್ಲಿಸಿದಾಗ ಆಕ್ಷೇಪ ಬಂತು: ಆತ್ಮನನ್ನು ಅವರಿಬ್ಬರ ಸಮಕ್ಕೆ ನಿಲ್ಲಿಸಬಹುದೇ? ಅದಕ್ಕೆ ಉತ್ತರವಾಗಿ ಅವನು ಪವಿತ್ರಾತ್ಮನ ಕುರಿತು ಒಂದು ಗ್ರಂಥವನ್ನೇ ಬರೆದ. ದೀಕ್ಷಾಸ್ನಾನದಲ್ಲಿ ಮೂವರ ಹೆಸರನ್ನು ಒಟ್ಟಿಗೆ ಹೇಳುತ್ತೇವೆ, ಹೇಗೆ ಸ್ನಾನ ಪಡೆದೆವೋ ಹಾಗೆಯೇ ನಂಬಬೇಕು, ಹೇಗೆ ನಂಬುತ್ತೇವೋ ಹಾಗೆಯೇ ಸ್ತುತಿಸಬೇಕು ಎಂಬುದು ಅವನ ವಾದದ ತಿರುಳು. 381ರ ಕಾನ್‌ಸ್ಟಾಂಟಿನೋಪಲ್ ಮಹಾಸಭೆ ಬಂದದ್ದು ಆಮೇಲೆ. ಸಿದ್ಧಾಂತ ಪ್ರಾರ್ಥನೆಯ ಹಿಂದೆ ನಡೆದು ಬಂತು.

ಸಭೆಗಳು ಈ ಆಶೀರ್ವಾದವನ್ನು ಇಟ್ಟ ಜಾಗವೂ ಒಂದೇ ಅಲ್ಲ. ಪೂರ್ವದ ಕ್ರಮಗಳಲ್ಲಿ ಅದು ರೊಟ್ಟಿ, ದ್ರಾಕ್ಷಾರಸಗಳ ಮಹಾಪ್ರಾರ್ಥನೆಯ ಬಾಗಿಲಲ್ಲಿ ಬರುತ್ತದೆ. ಕಥೋಲಿಕರ 1970ರ ಪೂಜಾಗ್ರಂಥದಲ್ಲಿ ಗುರುಗಳು ಪೂಜೆಯ ಆರಂಭದಲ್ಲಿಯೇ ಹೇಳಬಹುದಾದ ವಂದನೆ ಅದು. ಹೀಗಾಗಿ ಬೆಂಗಳೂರು ಮಹಾಧರ್ಮಪ್ರಾಂತ್ಯಕ್ಕೆ ಸೇರಿದ ಚಿಂತಾಮಣಿ, ಶಿಡ್ಲಘಟ್ಟದ ಕಥೋಲಿಕರಿಗೆ ಈ ಮಾತು ಬರಮಾಡಿಕೊಳ್ಳುವ ಮಾತು. ಅದೇ ಬೀದಿಯ ದಕ್ಷಿಣ ಇಂಡಿಯಾ ಸಭೆಯ, ಅಂದರೆ ಸಿಎಸ್‌ಐ ಮನೆಯವರಿಗೆ ಅದು ಬೀಳ್ಕೊಡುವ ಮಾತು. ಆಂಗ್ಲಿಕನ್ನರ 1662ರ ಪ್ರಾರ್ಥನಾಪುಸ್ತಕದಲ್ಲೂ ಬೆಳಗು ಬೈಗಿನ ಪ್ರಾರ್ಥನೆಗಳು ಮುಗಿಯುವುದು ಇದರಿಂದಲೇ. ಬೀಳ್ಕೊಡುಗೆಯಲ್ಲಿ ತಪ್ಪೇನಿಲ್ಲ. ಆದರೆ ನಮ್ಮಲ್ಲಿ ಅದು ಗಂಟೆ ಬಾರಿಸಿದಂತೆ ಆಗಿಬಿಟ್ಟಿದೆ. ಪಾದ್ರಿಗಳ ಕೈ ಮೇಲೇರುವಷ್ಟರಲ್ಲಿ ಬೈಬಲ್ಲು ಚೀಲ ಸೇರಿರುತ್ತದೆ, ಕಣ್ಣು ಮುಚ್ಚಿದವರ ಮನಸ್ಸು ಚಪ್ಪಲಿಯ ಕಡೆ ಹೊರಟಿರುತ್ತದೆ. ಅಜ್ಜಿಯ ವಿಶ್ವಾಸಪ್ರಮಾಣವಾಗಿದ್ದ ಮಾತು ಮೊಮ್ಮಕ್ಕಳಿಗೆ ಆರಾಧನೆ ಮುಗಿದ ಸೂಚನೆ.

ಇನ್ನೊಂದು ಸಂಗತಿ ಇದಕ್ಕಿಂತ ಆಳದ್ದು. ಈ ಸೀಮೆಯಲ್ಲಿ ಆಶೀರ್ವಾದ ಎಂದರೆ ಕೊಡುವವರ ಶಕ್ತಿ. ಹಿರಿಯರ ಕಾಲು ಮುಟ್ಟುತ್ತೇವೆ, ಕೈವಾರಕ್ಕೆ ಹೋಗಿ ಸಂತ ತಾತಯ್ಯನವರ ಗದ್ದುಗೆಗೆ ತಲೆಬಾಗುತ್ತೇವೆ. ಸಭೆಗೆ ಬಂದವರು ಈ ಸಂಸ್ಕಾರವನ್ನು ಹೊರಗಿಟ್ಟು ಬರಲಿಲ್ಲ, ಬರಬೇಕಾಗಿಯೂ ಇರಲಿಲ್ಲ. ಹಾಗಾಗಿ ಆರಾಧನೆ ಮುಗಿದ ಮೇಲೂ ಪಾದ್ರಿಗಳ ಮುಂದೆ ಸಾಲು ನಿಲ್ಲುತ್ತದೆ, ತಲೆಯ ಮೇಲೆ ಕೈ ಇಡಿಸಿಕೊಳ್ಳಲು. ಆ ಸಾಲಿನಲ್ಲಿರುವ ಭಕ್ತಿ ದೊಡ್ಡದು. ಆದರೆ ತ್ರಿಯೇಕ ಆಶೀರ್ವಾದದಲ್ಲಿ ಹೇಳುವವನ ಪಾಲು ಏನೂ ಇಲ್ಲ. ಕೃಪೆ ಕ್ರಿಸ್ತನದು, ಪ್ರೀತಿ ದೇವರದು, ಅನ್ಯೋನ್ಯತೆ ಆತ್ಮನದು. ‘ಇರಲಿ’ ಎಂದು ಕೋರುವುದಷ್ಟೇ ಪಾದ್ರಿಯ ಕೆಲಸ. ಕಾಂಗ್ರಿಗೇಷನಲ್ ಪರಂಪರೆ ಇದನ್ನು ಎಲ್ಲರಿಗಿಂತ ಚೆನ್ನಾಗಿ ಬಲ್ಲದು, ಏಕೆಂದರೆ ಕೂಡಿದ ವಿಶ್ವಾಸಿಗಳೇ ಸಭೆ ಎಂಬುದು ಅದರ ಮೊದಲ ಪಾಠ. ಆದರೂ ಕೈ ಎತ್ತಿ ‘ನಿಮ್ಮೆಲ್ಲರ ಸಂಗಡ’ ಎನ್ನುವುದು ಅಭಿಷಿಕ್ತರಿಗೆ ಮಾತ್ರ, ಉಪದೇಶಿಗಳು ಕೈ ಎತ್ತದೆ ‘ನಮ್ಮೆಲ್ಲರ ಸಂಗಡ’ ಎನ್ನಬೇಕು ಎಂಬ ರೂಢಿ ಇಲ್ಲಿ ಬೇರೂರಿತು. ಹಳ್ಳಿಯ ಸಣ್ಣ ಸಭೆಗಳನ್ನು ವಾರವಾರವೂ ನಡೆಸಿದವರು ಉಪದೇಶಿಗಳೇ. ಪಾದ್ರಿಗಳು ಸುತ್ತಿನ ಮೇಲೆ ಬರುವವರು. ಹೀಗಾಗಿ ಕೈ ಎತ್ತಿದ ಆಶೀರ್ವಾದವೇ ನಿಜವಾದದ್ದು, ಉಪದೇಶಿಯದು ಅದಕ್ಕಿಂತ ಕಡಿಮೆ ಎಂಬ ಭಾವನೆ ಬೆಳೆಯಿತು. ನನಗೆ ಉಪದೇಶಿಯ ಮಾತೇ ಹೆಚ್ಚು ಸರಿಯಾಗಿ ಕೇಳಿಸುತ್ತದೆ. ಬೇಡುವವನೂ ಬೇಡುವವರ ಸಾಲಿನಲ್ಲಿಯೇ ನಿಂತಿದ್ದಾನೆ. ಅನ್ಯೋನ್ಯತೆಯನ್ನು ಅದರ ಹೊರಗೆ ನಿಂತು ಕೊಡುವುದಕ್ಕೆ ಆಗುವುದಿಲ್ಲ.

ಹಳೆಯ ಸಭೆಗಳಲ್ಲಿ ಆಶೀರ್ವಾದ ಬರಿಯ ಮುಕ್ತಾಯದ ಸೂಚನೆಯಾಗಿ ಉಳಿದ ಕೊರತೆಯನ್ನು ಹೊಸ ಪ್ರಾರ್ಥನಾಮಂದಿರಗಳು ಬೇರೆ ಬಗೆಯಲ್ಲಿ ತುಂಬುತ್ತಿವೆ. ಗೌರಿಬಿದನೂರಿನ ಕಡೆ ಬೋರ್‌ವೆಲ್ ಕೊರೆಸುವ ಮುಂಚೆ ಪ್ರಾರ್ಥನೆ, ಶಿಡ್ಲಘಟ್ಟದಲ್ಲಿ ರೇಷ್ಮೆಹುಳು ಪೊರೆ ಕಳಚುವ ನಾಲ್ಕನೇ ಜ್ವರ ಎದ್ದ ಮೇಲೆ ಸಾಕಣೆ ಮನೆಯಲ್ಲಿ ಪ್ರಾರ್ಥನೆ. ಹಳೆಯ ಸಭೆಯವರು ಇದನ್ನು ಕಂಡು ಮೂಗು ಮುರಿಯುವುದುಂಟು, ಅದು ಸರಿಯಲ್ಲ. ಗೂಡಿನ ಬೆಲೆಯ ಮೇಲೆ ಮಗಳ ಫೀಜು ನಿಂತಿರುವ ಮನೆಯಲ್ಲಿ ದೇವರ ಪ್ರೀತಿ ಎಂದರೆ ಹುಳು ಗೂಡು ಕಟ್ಟುವ ಚಂದ್ರಿಕೆಯನ್ನೂ ಮುಟ್ಟಬೇಕಾದದ್ದು. ನನ್ನ ಕಳವಳ ಬೇರೆ. ಅಲ್ಲಿ ‘ಆಶೀರ್ವಾದ’ ಬರಬರುತ್ತಾ ಸಿಕ್ಕ ವಸ್ತುವಿನ ಹೆಸರೇ ಆಗುತ್ತಿದೆ, ಅದೂ ಒಂದು ಮನೆಗೆ ಮಾತ್ರ ಸಿಕ್ಕದ್ದು. ಬೋರ್ ಹಾಕಿಸಿದ ಮನೆಗೆ ನೀರು ಬಂದು ಪಕ್ಕದವನ ಬೋರ್ ಬತ್ತಿದರೆ ಆತ್ಮನ ಅನ್ಯೋನ್ಯತೆಯನ್ನು ಎಲ್ಲಿ ಹುಡುಕುವುದು? ಮೂರನೆಯ ಮಾತನ್ನು ಬಿಟ್ಟು ಮೊದಲೆರಡನ್ನೇ ಹಿಡಿದರೆ ಕೃಪೆಯೂ ಪ್ರೀತಿಯೂ ಖಾಸಗಿ ಆಸ್ತಿಯಾಗುತ್ತವೆ.

ಹಳೆಯ ಸಭೆಯ ಕೈಯಲ್ಲಿ ಇದಕ್ಕೊಂದು ಮದ್ದಿದೆ. 1947ರ ಸೆಪ್ಟೆಂಬರ್ 27ರಂದು ಮದ್ರಾಸಿನಲ್ಲಿ ದಕ್ಷಿಣ ಇಂಡಿಯಾ ಸಭೆ ಹುಟ್ಟಿದಾಗ ಲಂಡನ್ ಮಿಷನ್ನಿನವರು, ವೆಸ್ಲಿಯನ್ನರು, ಆಂಗ್ಲಿಕನ್ನರು ಒಂದಾದರು. 1950ರಲ್ಲಿ ಬಂದ ಅದರ ಕರ್ತನ ಭೋಜನದ ಕ್ರಮ ಕೇರಳದ ಸಿರಿಯನ್ ಸಭೆಗಳಿಂದ ಒಂದು ಪದ್ಧತಿಯನ್ನು ತೆಗೆದುಕೊಂಡಿತು: ಸಮಾಧಾನವನ್ನು ಅಂಗೈಗಳ ನಡುವೆ ಅಂಗೈ ಇಟ್ಟು ಒಬ್ಬರಿಂದ ಒಬ್ಬರಿಗೆ ದಾಟಿಸುವುದು. ಈ ಸೀಮೆಯ ಎಷ್ಟೋ ಸಭೆಗಳ ಬೇರು ದಲಿತ ಕೇರಿಗಳಲ್ಲಿದೆ. ಮುಟ್ಟಬಾರದೆಂದು ದೂರವಿಟ್ಟ ಕೈಗಳನ್ನು ಆರಾಧನೆಯ ನಡುವೆ ಎರಡು ಕೈಗಳಿಂದ ಹಿಡಿಯುವ ಕ್ರಮವನ್ನು ಒಂದು ಸಭೆ ತನ್ನ ಪುಸ್ತಕದಲ್ಲಿ ಬರೆದುಕೊಂಡಿತು. ಅನ್ಯೋನ್ಯತೆಗೆ ಇದಕ್ಕಿಂತ ನೇರವಾದ ವ್ಯಾಖ್ಯಾನವನ್ನು ನಾನು ಯಾವ ದೈವಶಾಸ್ತ್ರದಲ್ಲೂ ಕಂಡಿಲ್ಲ. ಆದರೆ ಕ್ರಮದಲ್ಲಿ ಅದು ಒಂದು ಕಡೆ, ಆಶೀರ್ವಾದ ಇನ್ನೊಂದು ಕಡೆ. ಭೋಜನವಿಲ್ಲದ ಭಾನುವಾರಗಳಲ್ಲಿ ಕೈ ದಾಟಿಸುವುದಕ್ಕೆ ಜಾಗವೇ ಇಲ್ಲ.

ಪೌಲ ಇಟ್ಟ ಹಾಗೆ ಅವೆರಡನ್ನೂ ಮತ್ತೆ ಅಕ್ಕಪಕ್ಕ ತರಲು ಸಿನೊಡ್‌ನ ಅಪ್ಪಣೆಗೆ ಕಾಯಬೇಕಾಗಿಲ್ಲ. ಲಂಡನ್ ಮಿಷನ್ನಿನ ಮಕ್ಕಳಿಗೆ ಆ ಸ್ವಾತಂತ್ರ್ಯ ಪಿತ್ರಾರ್ಜಿತ. ಕೊನೆಯ ಹಾಡಾದ ಮೇಲೆ ಕೈಯಿಂದ ಕೈಗೆ ಸಮಾಧಾನ ದಾಟಲಿ, ಹಿಡಿದ ಕೈ ಬಿಡದೆಯೇ ಸಭೆಯೆಲ್ಲ ಒಟ್ಟಾಗಿ ಆಶೀರ್ವಾದವನ್ನು ಹೇಳಲಿ. ಮನೆಪ್ರಾರ್ಥನೆಗಳಲ್ಲಿ ಆ ಮಾತನ್ನು ಮನೆಯ ಹಿರಿಯ ಹೆಂಗಸು ಹೇಳಲಿ. ಪಕ್ಕದ ಆಂಧ್ರದ ನಂದ್ಯಾಲದಲ್ಲಿ 2013ರಲ್ಲಿ ಎಗ್ಗೋನಿ ಪುಷ್ಪಲಲಿತಾ ಸಿಎಸ್‌ಐನ ಮೊದಲ ಮಹಿಳಾ ಬಿಷಪ್ ಆಗಿ ಕೈ ಎತ್ತಿ ಆಶೀರ್ವದಿಸಿದ್ದಾಗಿದೆ. ಚಿಂತಾಮಣಿಯ ಹಳ್ಳಿಯೊಂದರಲ್ಲಿ ತೆಲುಗು ಹಾಡು, ಕನ್ನಡ ವಾಕ್ಯ ಎರಡನ್ನೂ ಬಲ್ಲ ಅಜ್ಜಿ ತನ್ನ ಹಜಾರದಲ್ಲಿ ಅದನ್ನು ಹೇಳುವುದಕ್ಕೆ ಯಾರ ಅಡ್ಡಿಯೂ ಇರಬಾರದು.