ಮೂಕಿ ಪರದೆಯ ಸಮುರಾಯ್ ಮತ್ತು ಪಕ್ಕದ ದನಿ

ಮಾಕಿನೊ ಶೋಜೋ ನಿರ್ದೇಶಿಸಿ ಒನೊಯೆ ಮತ್ಸುನೊಸುಕೆ ನಟಿಸಿದ ಸಮುರಾಯ್ ಚಿತ್ರಗಳನ್ನು 'ಕ್ಯಾಮರಾದೆದುರಿನ ಕಬುಕಿ' ಎಂದು ಬದಿಗೆ ಸರಿಸುವುದು ಜಪಾನೀ ಚಿತ್ರಚರಿತ್ರೆಯಲ್ಲಿ ರೂಢಿ. ಅಲುಗದ ಕ್ಯಾಮರಾ, ಮುಗಿಯದ ದೃಶ್ಯ, ಸ್ತ್ರೀಪಾತ್ರದಲ್ಲಿ ಪುರುಷ ನಟ: ಆರೋಪಗಳೇನೋ ನಿಜ. ಅವುಗಳಿಂದ ಹೊರಡಿಸಿದ ತೀರ್ಪು ಮಾತ್ರ ಅವಸರದ್ದು.

1910ರ ದಶಕದ ಮೊದಲ ವರ್ಷಗಳಲ್ಲಿ ಇವರು ಚಿತ್ರೀಕರಿಸಿದ 'ಚೂಶಿಂಗುರ'ವನ್ನೇ ಪರಿಶೀಲಿಸಬಹುದು. 1701ರಲ್ಲಿ ಎದೊ ಕೋಟೆಯೊಳಗೆ ಕತ್ತಿ ಹಿರಿದುದಕ್ಕಾಗಿ ಪ್ರಭು ಅಸಾನೊ ಹೊಟ್ಟೆ ಬಗೆದುಕೊಂಡು ಸಾಯಬೇಕಾಯಿತು. ಅವನ ಅನುಚರರು 1703ರಲ್ಲಿ ಸೇಡು ತೀರಿಸಿಕೊಂಡು ಅದೇ ಸಾವನ್ನಪ್ಪಿದರು. ಸಮಕಾಲೀನ ಸಮುರಾಯ್ ಪ್ರಕರಣಗಳನ್ನು ರಂಗಕ್ಕೆ ತರುವುದು ನಿಷಿದ್ಧವಾಗಿದ್ದರಿಂದ 1748ರ ಬೊಂಬೆಯಾಟದ ಕೃತಿ ಕಥೆಯನ್ನು 14ನೆಯ ಶತಮಾನಕ್ಕೊಯ್ದು ಹೆಸರುಗಳನ್ನು ಮರೆಮಾಚಿತು. ಮಾಕಿನೊನ ಕಾಲಕ್ಕೆ ಆ ಅಂಜಿಕೆಯಿರಲಿಲ್ಲ. ನಿಜನಾಮಗಳೇ ಪರದೆಗೆ ಬಂದವು.

ಈ ಚಿತ್ರದಲ್ಲಿ ಮತ್ಸುನೊಸುಕೆ ಮೂರು ಪಾತ್ರಗಳನ್ನು ವಹಿಸುತ್ತಾನೆ: ಸಾಯುವ ಅಸಾನೊ, ಸೇಡಿನ ಮುಂದಾಳು ಓಇಶಿ, ಶತ್ರುವಿನ ಮನೆಯನ್ನು ಕಾಯುವ ಕತ್ತಿವರಸೆಗಾರ ಶಿಮಿಜು. ತಾರಾಮೋಹವೆನ್ನಬಹುದು, ಅದೂ ಇದ್ದೀತು. ಆದರೆ ಒಡೆಯನ ಮುಖ ಅನುಚರನಲ್ಲಿ ಮರಳಿ ಬಂದಾಗ ನಿಷ್ಠೆಯೆಂಬುದು ಬರಿಯ ಮೌಲ್ಯವಾಗಿ ಉಳಿಯದೆ ಕಣ್ಣಿಗೆ ಕಾಣುವ ದೇಹಾಂತರವಾಗುತ್ತದೆ. ಎದುರು ಪಕ್ಷದಲ್ಲೂ ಅದೇ ಮುಖ ಕಾಣಿಸಿಕೊಂಡಾಗ ಕಥೆಯ ನೈತಿಕ ಸರಳತೆಯೇ ಸಡಿಲುತ್ತದೆ. ಅವನೂ ತನ್ನ ಒಡೆಯನಿಗಾಗಿಯೇ ಸಾಯುವವನಲ್ಲವೆ?

ಈ ಮೂವರನ್ನು ಬೇರ್ಪಡಿಸುತ್ತಿದ್ದುದು ಬೆನ್‌ಶಿಗಳ ದನಿ. ಪರದೆಯ ಬಳಿ ಹಲವರು ಪಾತ್ರ ಹಂಚಿಕೊಂಡು ಕಬುಕಿ ನಟರ ಧಾಟಿಯಲ್ಲಿ ಮಾತನಾಡುತ್ತಿದ್ದರು. ಆ ಮಾತಿಗೆ ಎಡೆ ಬೇಕಿತ್ತು. ದೀರ್ಘ ದೃಶ್ಯ ಅದನ್ನು ಒದಗಿಸಿತು. ನಿಶ್ಚಲತೆಯನ್ನು ಕೇವಲ ಅಜ್ಞಾನವೆಂದು ಓದುವವರು ಅರ್ಧ ಕೃತಿಯನ್ನು ಮಾತ್ರ ಓದುತ್ತಿದ್ದಾರೆ.

ಕಾಏರಿಯಾಮ ನೊರಿಮಾಸ ಮೊದಲಾದ 'ಶುದ್ಧ ಚಿತ್ರ' ಚಳವಳಿಯವರು ಬಯಸಿದ್ದು ಇದಕ್ಕೆ ವಿರುದ್ಧವಾದುದನ್ನು: ನಟಿಯರು, ಸಂಕಲನ, ಉಪಶೀರ್ಷಿಕೆ. ಫುತಾಗಾವ ಬುಂತಾರೊನ 'ಒರೋಚಿ' (1925) ಬರುವ ಹೊತ್ತಿಗೆ ದಂತಕಥೆಯ ವೀರನ ಜಾಗದಲ್ಲಿ ಬಂದೊ ತ್ಸುಮಾಸಬುರೊ ಅಭಿನಯಿಸಿದ ಹೈಜಾಬುರೊ ನಿಂತಿದ್ದ. ಇವನ ಪ್ರತಿಯೊಂದು ಸದುದ್ದೇಶವನ್ನೂ ಲೋಕ ದುಷ್ಟತನವೆಂದು ತಪ್ಪಾಗಿ ಓದುತ್ತದೆ. 'ದುರುಳ' ಎಂಬರ್ಥದ ಮೊದಲ ಶೀರ್ಷಿಕೆಗೆ ಸೆನ್ಸಾರ್ ಒಪ್ಪದೆ 'ಮಹಾಸರ್ಪ'ವಾಯಿತೆಂಬುದು ಇಲ್ಲಿ ಗಮನಾರ್ಹ. ದುಷ್ಟರೆನಿಸಿಕೊಂಡವರೆಲ್ಲ ದುಷ್ಟರಲ್ಲವೆಂದು ಚಿತ್ರ ತನ್ನ ಬರಹದಲ್ಲೇ ಸಾರಿಬಿಡುತ್ತದೆ. ಅಷ್ಟರಮಟ್ಟಿಗೆ ಬೆನ್‌ಶಿಯ ಸ್ವಾತಂತ್ರ್ಯ ಕುಗ್ಗುತ್ತದೆ. ಆದರೂ ಸುದೀರ್ಘ ಕಾಳಗದ ಬಳಿಕ ಕಟ್ಟಿಹಾಕಿಸಿಕೊಂಡು ಜನರ ನಡುವೆ ಸಾಗುವ ಹೈಜಾಬುರೊ ಏನನ್ನೂ ಆಡುವುದಿಲ್ಲ. ಆ ನಡಿಗೆಯ ಉದ್ದಕ್ಕೂ ಮಾತು ಮತ್ತೆ ಬೆನ್‌ಶಿಯ ಪಾಲಿಗೇ ಬರುತ್ತದೆ.